ನಮ್ಮತ್ತೆ ಬಾಯಿಬಿಟ್ಟು ಹೇಳದ ಅಕ್ಷರ

ಪಾಠ ಮಾಡುವುದು ಒಂದು ಕಸುಬಾದರೆ, ಪಾಠ ಹೇಗೆ ಮಾಡಬೇಕೆಂದು ಪಾಠ ಮಾಡುವುದು ಇನ್ನೊಂದು ಕಸುಬು. ಮೊದಲನೆಯದಕ್ಕೆ ತಾಳ್ಮೆ ಬೇಕು, ಎರಡನೆಯದಕ್ಕೆ ಗಂಟಲಿದ್ದರೆ ಸಾಕು. ನಾನು ಹದಿನಾರು ವರ್ಷ ಮೊದಲನೆಯದನ್ನು ಮಾಡಿ, ಈಗ ನಾಲ್ಕು ವರ್ಷದಿಂದ ಎರಡನೆಯದರಲ್ಲಿದ್ದೇನೆ. ಮನೆ ಮಧುಗಿರಿಯಲ್ಲಿ. ಒಂದು ದಿನ ಶಿರಾ, ಒಂದು ದಿನ ಕೊರಟಗೆರೆ, ಇನ್ನೊಂದು ದಿನ ಪಾವಗಡ ಅಂತ ಹೆಗಲಿಗೆ ಬ್ಯಾಗು ಏರಿಸಿಕೊಂಡು ಬಸ್ಸು ಹತ್ತಿ ಹೋಗಿ, ನನಗಿಂತ ಚೆನ್ನಾಗಿ ಪಾಠ ಮಾಡುವ ಮೇಷ್ಟರುಗಳಿಗೆ ತರಬೇತಿ ಕೊಟ್ಟು ಬರುತ್ತೇನೆ. ನನ್ನ ವಿಷಯ, 'ಸಾಕ್ಷರತಾ ಬೋಧನೆಯಲ್ಲಿ ಸಂಕಥನ ಮತ್ತು ಸಂಸ್ಕೃತಿಯ ಪಾತ್ರ'. ಇದನ್ನು ಒಂದೇ ಉಸಿರಿಗೆ ಹೇಳಲು ನನಗೇ ಎರಡು ತಿಂಗಳು ಹಿಡಿಯಿತು. ಒಮ್ಮೆ ಶಿರಾದಲ್ಲಿ ಹಿಂದಿನ ಬೆಂಚಿನ ಮೇಷ್ಟರೊಬ್ಬರು ಎದ್ದು, "ಸಾರ್, ಸಂಕಥನ ಅಂದ್ರೆ ನಾವು ಮಾತುಕತೆ ಅಂತೀವಲ್ಲ, ಅದೇ ತಾನೇ?" ಎಂದು ಕೇಳಿದರು. "ಅಷ್ಟು ಸರಳ ಮಾಡಿಬಿಟ್ಟರೆ ಅದರ ಆಳ ಹೋಗಿಬಿಡುತ್ತದೆ" ಎಂದು ನಾನು ಗಂಭೀರವಾಗಿ ಹೇಳಿ ಕೂರಿಸಿದೆ. ಆಳ ಎಷ್ಟಿದೆ ಎಂದು ನನಗೂ ಗೊತ್ತಿರಲಿಲ್ಲ ಎಂಬುದನ್ನು ಈಗ ಒಪ್ಪಿಕೊಳ್ಳುತ್ತೇನೆ. ಗೊತ್ತು ಮಾಡಿಸಿದವರು ನಮ್ಮ ಅತ್ತೆಯವರು. ಅದೂ ನನ್ನ ಜೊತೆ ಒಂದು ಮಾತನ್ನೂ ಆಡದೆ.

ಆದದ್ದು ಇಷ್ಟು. ತರಬೇತಿ ಕೊಡುವ ನಮ್ಮಂಥವರಿಗೆ ಮೇಲಿನಿಂದ ಒಂದು ಸೂಚನೆ ಬಂತು. ಊರಿಗೆಲ್ಲ ಹೇಳುವ ಮೊದಲು ನಿಮ್ಮ ನಿಮ್ಮ ಮನೆಯಲ್ಲಿ ಅಕ್ಷರ ಬಾರದವರು ಯಾರಾದರೂ ಇದ್ದರೆ, ಮೂರು ತಿಂಗಳಲ್ಲಿ ಓದು ಬರಹ ಕಲಿಸಿ ಪರೀಕ್ಷೆಗೆ ಕೂರಿಸಿ ಎಂದು. ಸಭೆಯಲ್ಲಿ ಎಲ್ಲರೂ ಚಾವಣಿ ನೋಡತೊಡಗಿದರು. ಒಬ್ಬರು ತಮ್ಮ ಮನೆಯಲ್ಲಿ ಎಲ್ಲರೂ ಡಿಗ್ರಿ ಎಂದರು, ಇನ್ನೊಬ್ಬರು ನಮ್ಮಜ್ಜಿಗೆ ಕಿವಿ ಕೇಳಿಸುವುದಿಲ್ಲ ಎಂದರು. ಆಗ ತಾನೇ ಮುಕ್ಕಾಲು ಗಂಟೆ ಭಾಷಣ ಮಾಡಿ ಕುಳಿತಿದ್ದ ನನಗೆ ಇನ್ನೂ ಹುಮ್ಮಸ್ಸು ಇಳಿದಿರಲಿಲ್ಲ. ಕೈ ಎತ್ತಿ, "ನಮ್ಮತ್ತೆ ಇದ್ದಾರೆ" ಎಂದೆ. ಚಪ್ಪಾಳೆ ಬಿತ್ತು. ನಮೂನೆಯಲ್ಲಿ ಅವರ ಹೆಸರು ಬರೆದು ಸಹಿಯನ್ನೂ ಹಾಕಿದೆ. ಸಂಜೆ ಬೆಟ್ಟದ ಬುಡದ ರಸ್ತೆಯಲ್ಲಿ ಸ್ಕೂಟರ್ ಓಡಿಸಿಕೊಂಡು ಮನೆಗೆ ಬರುವಾಗ, ಅರ್ಧ ದಾರಿಯಲ್ಲಿ ಒಂದು ವಿಷಯ ನೆನಪಾಗಿ ಗಾಡಿ ನಿಲ್ಲಿಸಿದೆ. ಮದುವೆಯಾಗಿ ಹನ್ನೊಂದು ವರ್ಷವಾಗಿತ್ತು. ಈ ಹನ್ನೊಂದು ವರ್ಷದಲ್ಲಿ ಅತ್ತೆಯವರು ನನ್ನ ಜೊತೆ ನೇರವಾಗಿ ಒಂದೇ ಒಂದು ಮಾತೂ ಆಡಿರಲಿಲ್ಲ.

ಜಗಳವೇನೂ ಇಲ್ಲ. ಅವರ ಕಡೆ ಅದೇ ಕ್ರಮ. ವೈ.ಎನ್.ಹೊಸಕೋಟೆಯಿಂದ ಆಚೆ, ಆಂಧ್ರದ ಗಡಿ ಕಾಣಿಸುವಷ್ಟು ಹತ್ತಿರದ, ಕನ್ನಡದ ಜೊತೆ ತೆಲುಗೂ ಬೆರೆತ ಊರು ಅವರದು. ಅಲ್ಲಿ ಅಳಿಯನ ಎದುರು ಅತ್ತೆ ನಿಲ್ಲುವುದಿಲ್ಲ, ಅಳಿಯ ಕೂತ ಮಂಚದ ಮೇಲೆ ಕೂರುವುದಿಲ್ಲ, ಅಳಿಯನಿಗೆ ನೇರವಾಗಿ ಮಾತು ಹೇಳುವುದಿಲ್ಲ. ಮರ್ಯಾದೆ ಅಂದರೆ ಅದು. ಊರಿನಲ್ಲಿ ಮಾವ, ಮಗ ಸೊಸೆ ಎಲ್ಲರೂ ಇದ್ದಾರೆ. ಕಡಲೆಕಾಯಿ ಕಿತ್ತು ಮುಗಿದ ಮೇಲೆ ಅತ್ತೆಯವರು ನಮ್ಮ ಮನೆಗೆ ಬಂದು ಕೆಲವು ತಿಂಗಳಿದ್ದು, ಬಿತ್ತನೆಯ ಹೊತ್ತಿಗೆ ವಾಪಸು ಹೋಗುತ್ತಾರೆ. ಇಲ್ಲಿದ್ದಾಗ ನಾನು ಹಾಲಿಗೆ ಬಂದರೆ ಅವರು ಅಡುಗೆಮನೆಗೆ, ನಾನು ಅಡುಗೆಮನೆಗೆ ಹೋದರೆ ಅವರು ಹಿತ್ತಲಿಗೆ. ಎಷ್ಟೋ ವರ್ಷ ನಾನು ಅವರನ್ನು ಒಂದು ಸೆರಗು ಎಂದೇ ಗುರುತಿಟ್ಟುಕೊಂಡಿದ್ದೆ. ಫೋನು ಮಾಡಿದಾಗ ನಾನು ಎತ್ತಿಕೊಂಡರೆ ಆಚೆಯಿಂದ ಸದ್ದೇ ಇರುವುದಿಲ್ಲ. ಸದ್ದಿಲ್ಲ ಅಂದರೆ ಅತ್ತೆಯವರೇ ಎಂದು ತಿಳಿದು, "ಮಂಜೂ, ಅಮ್ಮನ ಫೋನು" ಎಂದು ಹೆಂಡತಿಗೆ ಕೊಡುತ್ತೇನೆ. ಹಾಗಂತ ಅವರಿಗೆ ಹೇಳುವುದು ಇಲ್ಲವೇ ಇಲ್ಲ ಎಂದಲ್ಲ. ಬೇಕಾದಷ್ಟಿರುತ್ತದೆ. ಎಲ್ಲವೂ ನನ್ನ ಹೆಂಡತಿ ಮಂಜುಳನ ಮೂಲಕ ಬರುತ್ತದೆ. ನಾನು ಮೂರು ಮಾರು ದೂರದಲ್ಲೇ ಕೂತಿದ್ದರೂ, "ಅಳಿಯಂದ್ರು ಇನ್ನೊಂದು ಮುದ್ದೆ ಹಾಕಿಸ್ಕೊಂತಾರಾ ಕೇಳಮ್ಮಣ್ಣಿ" ಎನ್ನುತ್ತಾರೆ. ನಾನೂ, "ಸಾಕು ಅಂತ ಹೇಳು" ಎನ್ನುತ್ತೇನೆ. ಮಂಜುಳ ಎರಡು ಕಡೆಗೂ ಏನೂ ಹೇಳುವುದಿಲ್ಲ. ಹೇಳುವ ಅಗತ್ಯವೇ ಇರುವುದಿಲ್ಲ. ಆದರೆ ಅವಳು ಅಲ್ಲಿರಬೇಕು.

ಸುದ್ದಿ ಕೇಳಿ ಮಂಜುಳ ಮೊದಲು ನಕ್ಕಳು. ಆಮೇಲೆ ಅಡುಗೆಮನೆಗೆ ಹೋಗಿ ಹೇಳಿದಳು. ಒಗ್ಗರಣೆ ಚಟಪಟಗುಟ್ಟಿ ಮುಗಿಯಿತು. ಆಮೇಲೆ ಒಳಗಿನಿಂದ ಮಾತು ಬಂತು. "ಅಳಿಯಂದ್ರು ಒಪ್ಕೊಂಡು ಬಂದ್ಬುಟ್ಟವ್ರೆ ಅಂದ್ಮೇಲೆ ಅವ್ರ ಮಾತು ಹೋಗ್ಬಾರ್ದು ಕಣಮ್ಮ. ಕಲೀತೀನಿ. ಆದ್ರೆ ಎದುರ್ಗೆ ಕೂರಾಕಾಗಲ್ಲ, ಅಂಗಂತ ಹೇಳ್ಬುಡು." ಹೀಗೆ, ಬಹುಶಃ ಬೋಧನೆಯ ಚರಿತ್ರೆಯಲ್ಲೇ ಮೊದಲ ಬಾರಿಗೆ, ವಿದ್ಯಾರ್ಥಿ ಕಾಣದ ತರಗತಿಯೊಂದು ನಮ್ಮ ಮನೆಯಲ್ಲಿ ಶುರುವಾಯಿತು.

ನಮ್ಮದು ರೈಲುಬೋಗಿಯಂಥ ಮನೆ. ಮುಂದೆ ಹಾಲು, ನಡುವೆ ಒಂದು ಕೋಣೆ, ಹಿಂದೆ ಅಡುಗೆಮನೆ. ನಡುವಿನ ಕೋಣೆಯಲ್ಲಿ ಮಂಜುಳನ ಹೊಲಿಗೆ ಮಿಷನ್ನು. ಅವಳು ಬೀದಿಯವರ ಬ್ಲೌಸುಗಳನ್ನೆಲ್ಲ ಅಲ್ಲೇ ಹೊಲಿಯುತ್ತಾಳೆ. ಸಂಜೆ ಐದಕ್ಕೆ ನಾನು ಹಾಲಿನಲ್ಲಿ ಕುರ್ಚಿ ಹಾಕಿಕೊಂಡು ಕೂರುತ್ತಿದ್ದೆ. ಅತ್ತೆಯವರು ಅಡುಗೆಮನೆಯ ಬಾಗಿಲ ಮರೆಯಲ್ಲಿ, ಸ್ಲೇಟು ತೊಡೆಯ ಮೇಲಿಟ್ಟುಕೊಂಡು. ನಾನು "ಅ" ಎನ್ನುವುದು, ಮಿಷನ್ನಿನ ಸದ್ದು ನಿಂತಾಗ ಮಂಜುಳ "ಅ ಅಂತಮ್ಮ" ಎನ್ನುವುದು, ಒಳಗಿನಿಂದ "ಅ" ಬರುವುದು. ಕೆಲವು ಸಲ ಮಿಷನ್ನು ನಿಲ್ಲುತ್ತಿರಲಿಲ್ಲ. ನಾನು "ಗ" ಎಂದದ್ದು ಒಳಗೆ "ಘ" ಆಗಿ ಹೋಗಿ, ಅದು "ಇಷ್ಟು ಗಟ್ಟಿಯಾಗಿ ಯಾಕೆ ಅನ್ಬೇಕಂತೆ ಕೇಳು" ಎಂಬ ಪ್ರಶ್ನೆಯಾಗಿ ಹೊರಗೆ ಬರುತ್ತಿತ್ತು. ಬರೆದ ಸ್ಲೇಟನ್ನು ಮಂಜುಳ ತಂದು ತೋರಿಸುತ್ತಿದ್ದಳು, ನಾನು ತಿದ್ದಿ ಕಳಿಸುತ್ತಿದ್ದೆ. ಬೇಸರವಾದಾಗ ಅವಳು, "ಗಿರಾಕಿಗಳ ಬ್ಲೌಸು ಹೊಲೀಲೋ, ನಿಮ್ಮಿಬ್ಬರ ನಡುವೆ ಪೋಸ್ಟು ಹಂಚಲೋ" ಎನ್ನುತ್ತಿದ್ದಳು.

ಅಕ್ಷರದ ಮಟ್ಟಿಗೆ ಅತ್ತೆಯವರು ಚುರುಕು. ಮೂರನೆಯ ವಾರಕ್ಕೆ ವಾಕ್ಯಕ್ಕೆ ಬಂದೆವು. ನನ್ನ ಹತ್ತಿರವಿದ್ದ ವಯಸ್ಕರ ಪುಸ್ತಕದ ಜೆರಾಕ್ಸಿನಲ್ಲಿ ಮೊದಲ ವಾಕ್ಯ, 'ಬಸವ ಕಮಲ ತಂದ' ಎಂದಿತ್ತು. ಪಕ್ಕದ ಚಿತ್ರ ಜೆರಾಕ್ಸಿನಲ್ಲಿ ಕಪ್ಪು ಮಸಿಯ ಉಂಡೆಯಾಗಿತ್ತು. ಅತ್ತೆಯವರು ಒಂದೊಂದೇ ಅಕ್ಷರ ಕೂಡಿಸಿ ಪೂರ್ತಿ ಓದಿದರು. ನಾನು ಹೆಮ್ಮೆಯಿಂದ ಮುಂದಿನ ವಾಕ್ಯಕ್ಕೆ ಹೋಗುವಷ್ಟರಲ್ಲಿ ಒಳಗಿನಿಂದ ಕೇಳಿತು:

"ಕಮಲ ಯಾರ ಮಗಳಂತೆ ಕೇಳಮ್ಮಣ್ಣಿ."

"ಯಾರ ಮಗಳೂ ಅಲ್ಲ, ಹೂವು ಅಂತ ಹೇಳು" ಎಂದೆ.

"ಹೂವು ಆದ್ರೆ ಕಿತ್ಕೊಂಡು ಬಂದ ಅಂತ ಬರೀಬೇಕಾಗಿತ್ತು. ತಂದ ಅಂತ ಅವ್ನೆ. ಹೆಣ್ಣು ತರೋದು ಅಂತೀವಲ್ಲ, ಅಂಗೆ. ಅವ್ರಪ್ಪ ಅಮ್ಮ ಒಪ್ಪವ್ರಂತಾ?"

ನಾನು ಕಮಲ ಅಂದರೆ ತಾವರೆ, ನೀರಿನಲ್ಲಿ ಬಿಡುತ್ತದೆ ಎಂದು ವಿವರಿಸಿದೆ. ಅದಕ್ಕೂ ಉತ್ತರ ಸಿದ್ಧವಾಗಿತ್ತು. "ನಮ್ಮ ಕಡೆ ಯಾವ ಕೆರೇಲಿ ತಾವರೆ ಐತೆ? ಬಸವ ಎಲ್ಲಿಂದ ತಂದಾನು? ಇದು ಹೆಣ್ಣೇಯ. ಹೇಳಾಕೆ ನಾಚ್ಕೊಂತಾವ್ರೆ ಅಳಿಯಂದ್ರು." ಮಂಜುಳ ಮಿಷನ್ನಿನ ಮೇಲೆ ತಲೆಯಿಟ್ಟು ನಗತೊಡಗಿದಳು. ಮುಂದಿನ ವಾಕ್ಯ, 'ಅವನ ಅಮ್ಮ ನಗುವಳು' ಎಂದಿತ್ತು. ಅದನ್ನು ಓದಿದ ಮೇಲಂತೂ ಅತ್ತೆಯವರಿಗೆ ಅನುಮಾನವೇ ಉಳಿಯಲಿಲ್ಲ. "ನೋಡ್ದಾ? ಸೊಸೆ ಬಂದವ್ಳೆ ಅಂತ ಅವ್ರಮ್ಮಂಗೆ ಖುಷಿಯಾಗೈತೆ. ಒಳ್ಳೇದಾಯ್ತು ಬುಡು." ನಾಲ್ಕು ವರ್ಷದಿಂದ ನಾನು ಊರೂರಿಗೆ ಹೋಗಿ, ಓದುವವರು ತಮ್ಮ ಬದುಕನ್ನು ಪಠ್ಯದೊಳಗೆ ತರುತ್ತಾರೆ, ಅದನ್ನು ಸ್ವಾಗತಿಸಬೇಕು ಎಂದು ಹೇಳಿಕೊಂಡು ಬಂದವನು. ಆದರೆ ಆ ಸಂಜೆ ನನ್ನ ಕಣ್ಣೆದುರಿಗೇ, ಅಲ್ಲ, ಕಣ್ಣಿಗೆ ಕಾಣದ ಹಾಗೆ, ಅದು ನಡೆದಾಗ ನಾನು ಮಾಡಿದ ಕೆಲಸವೆಂದರೆ ಕೆಂಪು ಪೆನ್ನಿನಲ್ಲಿ 'ಅರ್ಥಗ್ರಹಣ ಸಾಲದು' ಎಂದು ಬರೆದದ್ದು.

ನಿಜವಾದ ತೊಂದರೆ ಬಂದದ್ದು ಎರಡನೆಯ ತಿಂಗಳಲ್ಲಿ. ಕಾಗುಣಿತ ನಡೆಯುತ್ತಿತ್ತು. ಕ ಕಾ ಕಿ ಕೀ ನೀರು ಕುಡಿದ ಹಾಗೆ ಬಂತು. ಗ, ಚ, ಜ, ಎಲ್ಲವೂ ಬಂದವು. ತ ಸಾಲಿಗೆ ಬಂದಾಗ ಅತ್ತೆಯವರು "ತ, ತಾ" ಎಂದರು. ಆಮೇಲೆ ಮೌನ. ಸ್ವಲ್ಪ ಹೊತ್ತಾದ ಮೇಲೆ "ತು, ತೂ" ಎಂದು ಮುಂದೆ ಹೋದರು. ನಾನು ಮತ್ತೆ ಹೇಳಿಸಿದೆ. ಮತ್ತೆ ತ, ತಾ, ಮೌನ, ತು, ತೂ. ಮೊದಲ ದಿನ ಮಿಷನ್ನಿನ ಸದ್ದಿನಲ್ಲಿ ಕೇಳಿಸಲಿಲ್ಲವೇನೋ ಎಂದುಕೊಂಡೆ. ಎರಡನೆಯ ದಿನ ಮಿಷನ್ನು ನಿಲ್ಲಿಸಿದೆವು. ಮೌನ ಇನ್ನೂ ಸ್ಪಷ್ಟವಾಗಿ ಕೇಳಿಸಿತು.

ನಾನು ಬಿಡುವವನೇ? ಮಕ್ಕಳಿಗೆ ಮಾಡುವ ಎಲ್ಲ ಉಪಾಯಗಳನ್ನೂ ತೆಗೆದೆ. ರಟ್ಟಿನ ಮೇಲೆ ದೊಡ್ಡದಾಗಿ 'ತಿ' ಬರೆದು ಕಳಿಸಿದೆ. ದೋಸೆಯ ಚಿತ್ರ ಅಂಟಿಸಿ, ಕೆಳಗೆ 'ತಿಂಡಿ' ಎಂದು ಬರೆದು, ಇದೇನು ಎಂದು ಕೇಳಿಸಿದೆ. "ನಾಷ್ಟ" ಎಂದು ಉತ್ತರ ಬಂತು. ಕ್ಯಾಲೆಂಡರಿನ ಒಂದು ಹಾಳೆ ಕಳಿಸಿ ಇದು ಒಂದು ಏನು ಎಂದು ಕೇಳಿಸಿದರೆ, "ನೆಲ" ಎಂದರು. ತೆಲುಗಿನಲ್ಲಿ ತಿಂಗಳಿಗೆ ನೆಲ ಎನ್ನುತ್ತಾರಲ್ಲ, ಅದು. ಕೊನೆಗೆ ತಿರುಪತಿಯ ಫೋಟೋ ಕಳಿಸಿದೆ. ಒಳಗೆ ಅದಕ್ಕೆ ಕೈಮುಗಿದ ಸದ್ದಾಯಿತು, ಬಳೆಗಳ ಸದ್ದು. ಆಮೇಲೆ, "ಕೊಂಡದ ಮೇಲಿನ ಸಾಮಿ" ಎಂದರು. ಇಷ್ಟು ವರ್ಷವೂ ಅವರು ತಿಂಡಿಗೆ ನಾಷ್ಟ ಎನ್ನುವುದನ್ನು ಕೇಳಿ, ಗಡಿ ಸೀಮೆಯ ಮಾತು, ಅದರಲ್ಲೂ ಒಂದು ಸೊಗಸು ಎಂದು ನಾನು ತರಬೇತಿಗಳಲ್ಲಿ ಉದಾಹರಣೆ ಕೊಟ್ಟದ್ದೂ ಉಂಟು. ಈಗ ನನಗೆ ಹೊಸ ಹೊಳಹು ಬಂತು. ತೆಲುಗಿನ ಪ್ರಭಾವದಿಂದ ಈ ಒಂದು ಧ್ವನಿಯಲ್ಲಿ ಕಲಿಕೆಯ ತೊಡಕು ಉಂಟಾಗಿದೆ. ತೆಲುಗಿನಲ್ಲಿ 'ತಿ' ಬೇಕಾದಷ್ಟಿದೆ ಎಂಬುದು ನನ್ನ ಉತ್ಸಾಹದ ಎದುರು ನಿಲ್ಲಲಿಲ್ಲ. ನಾಲ್ಕು ಪುಟದ ವರದಿ ಸಿದ್ಧ ಮಾಡಿ, ಕೊರಟಗೆರೆಯ ತರಬೇತಿಯಲ್ಲಿ ಅದನ್ನು ಓದಿದೆ. ಮುಂದಿನ ಸಾಲಿನಲ್ಲಿದ್ದ ರೇಖಾ ಎಂಬ ಎಳೆಯ ಟೀಚರು ಅಕ್ಷರ ಬಿಡದೆ ಬರೆದುಕೊಂಡರು. ಎಲ್ಲರೂ ತಲೆಯಾಡಿಸಿದರು. ತರಬೇತಿಯಲ್ಲಿ ಊಟದ ಹೊತ್ತು ಹತ್ತಿರವಾದಾಗ ಎಲ್ಲರೂ ತಲೆಯಾಡಿಸುತ್ತಾರೆ.

ಆ ವರದಿಯನ್ನು ಮನೆಗೆ ತಂದು ಮೇಜಿನ ಮೇಲಿಟ್ಟಿದ್ದೆ. ಮಂಜುಳ ಬ್ಲೌಸಿನ ಅಳತೆ ಬರೆದುಕೊಳ್ಳಲು ಕಾಗದ ಹುಡುಕುತ್ತಾ ಅದನ್ನು ಎತ್ತಿಕೊಂಡಳು. ಓದಿದಳು. ಎರಡನೆಯ ಪುಟಕ್ಕೆ ಬಂದು ಕುರ್ಚಿ ಎಳೆದು ಕೂತಳು.

"ರೀ, ನಮ್ಮಪ್ಪನ ಹೆಸರೇನು?"

"ಇದೇನು ಪ್ರಶ್ನೆ? ತಿಮ್ಮಣ್ಣ" ಎಂದೆ.

"ಅಷ್ಟೇ ಕಣ್ರೀ" ಎಂದು ವರದಿಯನ್ನು ನನ್ನ ಕೈಗಿಟ್ಟಳು.

ನನಗೆ ಅರ್ಥವಾಗಲು ಇನ್ನೂ ಒಂದು ನಿಮಿಷ ಬೇಕಾಯಿತು. ಗಂಡನ ಹೆಸರನ್ನು ಬಾಯಲ್ಲಿ ಹೇಳಬಾರದು ಎಂಬುದು ನನಗೆ ಗೊತ್ತಿಲ್ಲದ್ದೇನಲ್ಲ. ನಮ್ಮಮ್ಮನೂ ಹೇಳುತ್ತಿರಲಿಲ್ಲ. ಆದರೆ ನಮ್ಮತ್ತೆ ಆ ಹೆಸರಿಗೆ ಬೇಲಿಯನ್ನು ಇನ್ನಷ್ಟು ದೂರದಲ್ಲಿ ಹಾಕಿಕೊಂಡಿದ್ದರು. ಆ ಹೆಸರಿನ ಮೊದಲ ಅಕ್ಷರದಿಂದ ಶುರುವಾಗುವ ಯಾವ ಮಾತೂ ಅವರ ಬಾಯಲ್ಲಿ ಬರುವುದಿಲ್ಲ. ಅದಕ್ಕೇ ತಿಂಡಿ ನಾಷ್ಟವಾಗಿತ್ತು, ತಿಂಗಳು ನೆಲವಾಗಿತ್ತು. ಮದುವೆಯಾಗಿ ಬಂದ ದಿನದಿಂದ, ಒಂದು ಅಕ್ಷರಕ್ಕೆ ಎಡವದೆ, ಅದರ ಸುತ್ತ ಬಳಸಿಕೊಂಡು ಇಡೀ ಸಂಸಾರ ನಡೆಸಿದ್ದರು. ಅಂಥವರಿಗೆ ನಾನು ಕಲಿಕೆಯ ತೊಡಕು ಎಂದು ಬರೆದಿದ್ದೆ.

ಅಲ್ಲಿಗೆ ನನ್ನ ಮೂರ್ಖತನ ನನಗೆ ತಿಳಿಯಿತು, ಸರಿ. ಆದರೆ ಪರೀಕ್ಷೆಗೆ ಒಂದು ವಾರವಿತ್ತು, ಮತ್ತು ಪರೀಕ್ಷೆಯ ಮೊದಲನೆಯ ಪ್ರಶ್ನೆ ಬಾಯಿ ಪ್ರಶ್ನೆ: ನಿಮ್ಮ ಹೆಸರು, ತಂದೆ ಅಥವಾ ಗಂಡನ ಹೆಸರು ಹೇಳಿ. ನಮೂನೆಯಲ್ಲಿ ನಾನೇ ಗಂಡನ ಹೆಸರಿನ ಮುಂದೆ ಗುರುತು ಹಾಕಿದ್ದೆ. ಓದುವ ಭಾಗದಲ್ಲಿ ತಿ ಬಾರದ ಕನ್ನಡ ಪುಟವನ್ನು ಎಲ್ಲಿಂದ ತರುವುದು? ಮೂರು ತಾಲ್ಲೂಕಿನ ಸಹೋದ್ಯೋಗಿಗಳು ಅಲ್ಲಿರುತ್ತಾರೆ. ಸಾಕ್ಷರತೆಯ ಮೇಲೆ ಭಾಷಣ ಮಾಡುವವನ ಅತ್ತೆಯೇ ಫೇಲು ಎಂದು ಪಾವಗಡದವರೆಗೂ ಸುದ್ದಿ ಹೋಗುತ್ತದೆ. ನಾನು ಮಂಜುಳನನ್ನು ಕರೆದು, "ಒಂದೇ ಒಂದು ಸಲ ಹೇಳಿದರೆ ಏನಾಗುತ್ತೆ ಕೇಳು. ಪರೀಕ್ಷೆಗೋಸ್ಕರ ತಾನೇ" ಎಂದೆ. ಒಳಗಿನಿಂದ ಉತ್ತರ ನಿಧಾನವಾಗಿ ಬಂತು.

"ಅಳಿಯಂದ್ರು ಅವ್ರ ಸಾಹೇಬ್ರನ್ನ ಹೆಸರಿಡ್ದು ಕರೀತಾರಾ ಕೇಳು. ಒಂದೇ ಒಂದು ಸಲ."

ನಾನು ಎದ್ದು ಸ್ಕೂಟರ್ ಒರೆಸಲು ಹೋದೆ.

ಪರೀಕ್ಷೆಯ ದಿನ ಭಾನುವಾರ. ಬೆಳಿಗ್ಗೆ ನಾವು ಹೊರಡುವ ಹೊತ್ತಿಗೆ ಸರಿಯಾಗಿ ಮಾವನವರು ಬಾಗಿಲಲ್ಲಿ ನಿಂತಿದ್ದರು. ಮುಖ ಬಾಡಿತ್ತು. ಕೈಯಲ್ಲಿ ಕಡಲೆಕಾಯಿಯ ಚೀಲ. ಬಾವಮೈದ ಫೋನಿನಲ್ಲಿ, ಅಮ್ಮನಿಗೆ ಮಧುಗಿರಿಯಲ್ಲಿ ಪರೀಕ್ಷೆಯಂತೆ ಎಂದಿದ್ದಾನೆ. ಮಾವನವರಿಗೆ ಗೊತ್ತಿದ್ದ ಪರೀಕ್ಷೆ ಆಸ್ಪತ್ರೆಯದು ಮಾತ್ರ. ರಕ್ತವೋ, ಎದೆಯೋ, ಏನು ಬಂದಿದೆಯೋ ಎಂದು ಮೊದಲ ಬಸ್ಸಿಗೇ ಹತ್ತಿ ಬಂದಿದ್ದಾರೆ. "ನೆನ್ನೆ ಮೊನ್ನೆ ಚೆನ್ನಾಗೇ ಇದ್ಲಲ್ಲಪ್ಪ, ಏಮಾಯಿತು?" ಎಂದು ನನ್ನನ್ನು ಕೇಳಿದರು. ಅಕ್ಷರದ ಪರೀಕ್ಷೆ ಎಂದು ಮಂಜುಳ ಹೇಳಿದ ಮೇಲೆ ಜಗುಲಿಯ ಮೇಲೆ ಕೂತು, ಟವೆಲಿನಲ್ಲಿ ಮುಖ ಒರೆಸಿಕೊಂಡು, ಬಹಳ ಹೊತ್ತು ನಕ್ಕರು. "ಈ ವಯಸ್ನಾಗೆ ನೀಕೆಂದುಕೇ ಇದೆಲ್ಲ", ನಿನಗ್ಯಾಕೆ ಇದೆಲ್ಲ, ಎಂದು ಅಡುಗೆಮನೆಯ ಕಡೆಗೆ ಕೂಗಿ ಹೇಳಿದರು. ಆದರೆ ವಾಪಸು ಹೋಗುವ ಮಾತಾಡಲಿಲ್ಲ. ಚೀಲ ಹಿಡಿದುಕೊಂಡೇ ಆಟೋದಲ್ಲಿ ನಮ್ಮ ಜೊತೆಗೆ ಬಂದರು. ಅತ್ತೆ ಮಂಜುಳ ಹಿಂದೆ, ಮಾವ ಅವರ ಪಕ್ಕ, ನಾನು ಮರ್ಯಾದೆ ಕಾಪಾಡಿಕೊಂಡು ಡ್ರೈವರನ ಪಕ್ಕದ ಅಂಗೈಯಗಲ ಜಾಗದಲ್ಲಿ.

ಶಾಲೆಯ ಕೋಣೆಯೊಳಗೆ ಪರೀಕ್ಷೆ ಮಾಡುವವರಾಗಿ ಕೂತಿದ್ದವರು ಕೊರಟಗೆರೆಯ ಅದೇ ರೇಖಾ ಟೀಚರು. ಈಕೆಯ ಎದುರಿಗೇ ನಾನು ವರದಿ ಓದಿದ್ದು. ಅಳಿಯನಾದವನು ಒಳಗಿದ್ದರೆ ಅತ್ತೆ ಬಾಯಿ ಬಿಡುವುದಿಲ್ಲವೆಂದು ನಾನು ಹೊರಗೆ ಕಿಟಕಿಯ ಪಕ್ಕ ನಿಂತೆ. ಇನ್ನೂ ಐದಾರು ಮೇಷ್ಟರು, ನನ್ನ ಅತ್ತೆ ಎಂಬ ಕುತೂಹಲಕ್ಕೆ, ನನ್ನ ಹಿಂದೆ ನಿಂತರು. ಮಾವನವರು ಬಾಗಿಲಲ್ಲಿ ಚಪ್ಪಲಿ ಬಿಟ್ಟು ಒಳಗೆ ಹೋಗಿ ಗೋಡೆಗೊರಗಿ ಕೂತರು.

ಮೊದಲು ಓದುವ ಭಾಗ ಮಾಡೋಣಮ್ಮ ಎಂದರು ರೇಖಾ. ಒಂದು ಹಾಳೆ ಕೊಟ್ಟರು. ಅದರಲ್ಲಿದ್ದದ್ದು, 'ಗೌರಿ ಒಂದು ತಿಂಗಳು ಶಾಲೆಗೆ ಹೋದಳು. ದಿನವೂ ತಿಂಡಿ ತಿಂದು ಬೇಗ ಹೊರಟಳು' ಎಂದು. ಕಿಟಕಿಯಿಂದಲೇ ಅದು ಕಂಡು ನಾನು ಕಣ್ಣು ಮುಚ್ಚಿಕೊಂಡೆ. ಒಂದೂವರೆ ಸಾಲಿನಲ್ಲಿ ಮೂರು ತಿ. ಅತ್ತೆಯವರು ಹಾಳೆಯ ಮೇಲೆ ಬೆರಳಿಟ್ಟು, ನಿಧಾನವಾಗಿ, ಆದರೆ ಎಲ್ಲೂ ತಡೆಯದೆ ಓದಿದರು. "ಗೌರಿ ಒಂದು ನೆಲ ಶಾಲೆಗೆ ಹೋದಳು. ದಿನವೂ ನಾಷ್ಟ ಮಾಡಿ ಬೇಗ ಹೊರಟಳು."

ಹಿಂದಿನಿಂದ ಯಾರೋ ಕಿಸಕ್ಕೆಂದರು. ರೇಖಾ ಹಾಳೆಯನ್ನು ತಮ್ಮ ಕಡೆ ತಿರುಗಿಸಿ ನೋಡಿದರು. ಇನ್ನೊಂದು ಸಲ ಓದಿಸಿದರು. ಮತ್ತೆ ಅದೇ ಬಂತು, ಒಂದಕ್ಷರ ಆಚೀಚೆಯಾಗದೆ. ಆಮೇಲೆ ಕಿಟಕಿಯ ಕಡೆ ತಿರುಗಿ, "ಸಾರ್, ತಿಂಗಳು ಅಂತ ಓದಿಕೊಳ್ಳದೆ ಅದನ್ನ ನೆಲ ಅಂತ ಹೇಳೋಕೆ ಹೇಗಾಗುತ್ತೆ? ಅಮ್ಮ ಓದ್ತಾ ಇದ್ದಾರೆ ಸಾರ್, ಅರ್ಥ ಮಾಡ್ಕೊಂಡೇ ಓದ್ತಾ ಇದ್ದಾರೆ. ನೀವೇ ತರಬೇತೀಲಿ ಹೇಳಿದ್ರಲ್ಲ" ಎಂದು ಪೂರ್ತಿ ಅಂಕ ಹಾಕಿದರು. ನಾನು ಹೇಳಿದ್ದೆನೇ? ಹೇಳಿರಬೇಕು. ನಾನು ಹೇಳಿದ್ದನ್ನು ಯಾರಾದರೂ ಕೇಳಿಸಿಕೊಂಡಿರಬಹುದು ಎಂದು ಮಾತ್ರ ಎಣಿಸಿರಲಿಲ್ಲ.

"ಈಗ ಬಾಯಿ ಪ್ರಶ್ನೆ. ಅಮ್ಮಾ, ಯಜಮಾನ್ರ ಹೆಸರೇನು?"

ಅತ್ತೆಯವರು ನೆಲ ನೋಡಿದರು. ಗೋಡೆಗೊರಗಿದ್ದ ಮಾವನವರೂ ನೆಲ ನೋಡಿದರು. ರೇಖಾ ಮತ್ತೆ ಕೇಳಿದರು. ಮಂಜುಳ ಬಾಯಿ ತೆರೆದಳು, ಸಹಾಯ ಮಾಡುವಂತಿಲ್ಲ ಎಂದು ನೆನಪಾಗಿ ಮುಚ್ಚಿಕೊಂಡಳು. ವಿಷಯ ಏನೆಂದು ರೇಖಾಗೆ ಕೂಗಿ ಹೇಳೋಣ ಎಂದುಕೊಂಡೆ. ಹೇಳಿದರೂ ಆಕೆ ತಾನೇ ಏನು ಮಾಡಿಯಾರು, ನಮೂನೆಯಲ್ಲಿ ಅದಕ್ಕೆ ಕಾಲಮ್ಮಿಲ್ಲ.

ಅತ್ತೆಯವರು ಸೆರಗು ಸರಿಮಾಡಿಕೊಂಡು, ಮಗಳ ಕಡೆ ಕೈ ಚಾಚಿ, "ಆ ಬಳಪ ಕೊಡಮ್ಮಣ್ಣಿ" ಎಂದರು. ಮೇಜಿನ ಮೇಲಿದ್ದ ಶಾಲೆಯ ಸ್ಲೇಟನ್ನು ತೊಡೆಯ ಮೇಲಿಟ್ಟುಕೊಂಡರು. ಮೊದಲು 'ತ' ಬರೆದು, ತಲೆಯ ಮೇಲಿನ ಗುಡಿಸನ್ನು ನಿಧಾನವಾಗಿ ಸುತ್ತಿದರು. ಅಷ್ಟೆಲ್ಲ ಉಪಾಯಗಳಿಗೂ ಬಗ್ಗದಿದ್ದ ನನ್ನ 'ತಿ' ಅಲ್ಲಿ ಮುತ್ತಿನ ಹಾಗೆ ಕೂತಿತ್ತು. ಆಮೇಲೆ 'ಮ್ಮ'. ಆಮೇಲೆ 'ಣ್ಣ', ಒತ್ತಿಗೆ ಜಾಗ ಸಾಲದೆ ಸ್ಲೇಟಿನ ಮರದ ಚೌಕಟ್ಟಿನ ಮೇಲೂ ಸ್ವಲ್ಪ ಏರಿತು. ಬರೆದು ಮುಗಿಸಿ, ತುಟಿ ಬಿಗಿಹಿಡಿದು, ಸ್ಲೇಟನ್ನು ಎರಡೂ ಕೈಯಲ್ಲಿ ಎತ್ತಿ ತೋರಿಸಿದರು.

ಯಾರೂ ನಗಲಿಲ್ಲ. ಮಾವನವರು ಎದ್ದು ಹತ್ತಿರ ಬಂದರು. ಅವರು ಶಾಲೆಯ ಮುಖ ನೋಡಿದವರಲ್ಲ. ಸ್ಲೇಟಿಗೆ ಮುಖ ಹತ್ತಿರ ತಂದು ನೋಡಿ, "ಏಮಿ ರಾಸಿನಾವು?" ಎಂದರು. ಏನು ಬರೆದೆ ಎಂದು. ಬರೆದವರು ಹೇಳುವಂತಿಲ್ಲ, ಕೇಳಿದವರು ಓದುವಂತಿಲ್ಲ. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅತ್ತೆಯವರು ಕೊನೆಗೆ, "ಮೀ ಪೇರೇ" ಎಂದರು. ನಿಮ್ಮ ಹೆಸರೇ. ರೇಖಾ ಜೋರಾಗಿ, "ತಿಮ್ಮಣ್ಣ" ಎಂದು ಓದಿದರು. ಮಾವನವರು, ತರಗತಿಯಲ್ಲಿ ಹಾಜರಿ ಕರೆದಾಗ ಹುಡುಗರು ಹೇಳುವಂತೆ, "ಆ" ಎಂದುಬಿಟ್ಟರು. ಮದುವೆಯಾದಾಗಿನಿಂದ ಅವರನ್ನು 'ಇಗೋ', 'ಕೇಳ್ತಾ?', 'ನಿಮ್ಮನ್ನೇ' ಎಂದಷ್ಟೇ ಕರೆದಿದ್ದ ಹೆಂಡತಿ ಮೊದಲ ಬಾರಿಗೆ ಅವರ ಹೆಸರು ಹೇಳಿದ್ದರು, ಹೇಳದೆಯೇ. ಸ್ಲೇಟು ಶಾಲೆಗೆ ವಾಪಸು ಕೊಡಬೇಕು ಎಂದಾಗ ಮಾವನವರು ಕೊಡಲಿಲ್ಲ. ಅದರ ಬದಲಿಗೆ ಕಡಲೆಕಾಯಿಯ ಚೀಲವನ್ನು ರೇಖಾ ಟೀಚರ ಮೇಜಿನ ಮೇಲೆ ಸುರಿದು, ಅಳಿಸಿ ಹೋಗದ ಹಾಗೆ ಸ್ಲೇಟನ್ನು ಖಾಲಿ ಚೀಲದಲ್ಲಿ ಸುತ್ತಿಕೊಂಡು ಅವತ್ತೇ ಊರಿನ ಬಸ್ಸು ಹತ್ತಿದರು.

ಕತೆ ಇಲ್ಲಿಗೆ ಮುಗಿದಿದ್ದರೆ ನಾನು ಇನ್ನೊಂದು ವರದಿ ಬರೆದು ಸುಖವಾಗಿರುತ್ತಿದ್ದೆ. ಆದರೆ ಅವತ್ತು ಅತ್ತೆಯವರಿಗೆ ಒಂದು ವಿಷಯ ಹೊಳೆದುಬಿಟ್ಟಿತ್ತು. ಬಾಯಲ್ಲಿ ಆಡಬಾರದ್ದನ್ನು ಬರೆಯಬಹುದು. ಬರೆದರೆ ಆಡಿದಂತಾಗುವುದಿಲ್ಲ. ಮೂರನೆಯ ದಿನ ಪಾವಗಡದಲ್ಲಿ ಊಟದ ಡಬ್ಬಿ ತೆರೆದರೆ, ಮುಚ್ಚಳದ ಒಳಗೆ ಬ್ಲೌಸು ಕತ್ತರಿಸುವ ಕಾಗದದ ಒಂದು ಚೂರು. 'ಅಳಿಯಂದ್ರೆ ನೆನ್ನೆ ಉಪ್ಪು ಕಮ್ಮಿ ಅಂದ್ರಿ. ಇವತ್ತು ನೋಡಿ.' ಹನ್ನೊಂದು ವರ್ಷದಲ್ಲಿ ಅತ್ತೆಯವರು ನನಗೆ ನೇರವಾಗಿ ಹೇಳಿದ ಮೊದಲ ಮಾತು. ನನಗೆ ಗಂಟಲು ಕಟ್ಟಿತು. ಪಕ್ಕದ ಮೇಷ್ಟರು, "ಖಾರಾನಾ ಸಾರ್?" ಎಂದರು.

ಗಂಟಲು ಕಟ್ಟಿದ್ದು ಅದೊಂದೇ ದಿನ. ಮುಂದಿನ ವಾರ ಕನ್ನಡಿಗೆ ಸಿಕ್ಕಿಸಿದ ಚೀಟಿ: 'ಅಳಿಯಂದ್ರೆ ಹಲ್ಲುಜ್ಜುವಾಗ ಅಂಗೆ ಕ್ಯಾಕರಿಸಬೇಡಿ. ಪಕ್ಕದ ಮನೆ ಕೂಸು ಬೆದರುತ್ತೆ.' ಸ್ಕೂಟರಿನ ಸೀಟಿನ ಮೇಲೆ: 'ಮಂಜಿ ಹೊಲಿವಾಗ ಕಾಪಿ ಕೇಳಬೇಡಿ. ಒಲೆ ನಿಮಗೂ ಹತ್ತುತ್ತೆ.' ಹನ್ನೊಂದು ವರ್ಷದ ಬಾಕಿ ಮಾತೆಲ್ಲ ಒಂದೊಂದಾಗಿ ಬರತೊಡಗಿತು. ಹಿಂದೆ ಮಂಜುಳ ನಡುವೆ ಇದ್ದಾಗ ಎಷ್ಟನ್ನು ಸೋಸಿ ಕೊಡುತ್ತ ನನ್ನನ್ನು ಕಾಪಾಡಿದ್ದಳೋ, ಈಗ ತಿಳಿಯಿತು. ಅವಳಂತೂ, "ನನ್ನ ಪೋಸ್ಟಾಫೀಸು ಮುಚ್ಚಿತು" ಎಂದು ಆರಾಮಾಗಿ ಮಿಷನ್ನು ತುಳಿಯುತ್ತಾಳೆ. ಬಾಯಲ್ಲಿ ಉತ್ತರ ಕೊಡಲು ನನಗೂ ಮರ್ಯಾದೆ ಅಡ್ಡ ಬರುತ್ತದೆ. ಆದ್ದರಿಂದ ಒಂದು ಭಾನುವಾರ ಕೂತು, ಕುಟುಂಬದಲ್ಲಿ ಪರಸ್ಪರ ಸಂವಹನದ ಕುರಿತು ಎರಡು ಪುಟದ ಉತ್ತರ ಬರೆದು, ಅಡುಗೆಮನೆಯ ಬಾಗಿಲಿಗೆ ಸಿಕ್ಕಿಸಿದೆ. ಸಂಜೆ ಅದು ವಾಪಸು ಬಂತು. ಕೆಳಗೆ ಬಳಪದಂಥ ದಪ್ಪ ಪೆನ್ಸಿಲಿನಲ್ಲಿ: 'ಪೂರಾ ಓದಿದೆ. ಒಂದೂ ತಿಳೀಲಿಲ್ಲ. ಮಾತಾಡೋ ಅಂಗೆ ಬರೀರಿ.'

ಹಾಗಾಗಿ ಇದನ್ನು ಮಾತಾಡುವ ಹಾಗೆ ಬರೆಯಲು ಪ್ರಯತ್ನ ಪಟ್ಟಿದ್ದೇನೆ. ಬರೆದು ಮುಗಿಸಿ, ತಪ್ಪಿದ್ದರೆ ತಿದ್ದಲಿ ಎಂದು ಬಾಗಿಲಿಗೆ ಸಿಕ್ಕಿಸಿ ಶಿರಾಕ್ಕೆ ಹೋದೆ. ಸಂಜೆ ಬರುವಷ್ಟರಲ್ಲಿ ಹಾಳೆಗಳು ನನ್ನ ಕುರ್ಚಿಯ ಮೇಲಿದ್ದವು, ಮೇಲೊಂದು ಚೀಟಿ. 'ಅಳಿಯಂದ್ರೆ ಚೆನ್ನಾಗೈತೆ. ಮಂಜಿ ಹೆಸರು ಬರೆದಿದ್ದೀರಿ. ಟೀಚರಮ್ಮನ ಹೆಸರು ಬರೆದಿದ್ದೀರಿ. ನಮ್ಮನೆಯವರ ಹೆಸರು ಎಷ್ಟು ಸಲ ಬರೆದಿದ್ದೀರಿ. ಕಲಿತೋಳು ನಾನು. ನನ್ನ ಹೆಸರು ಎಲ್ಲಿ?'

ಮೊದಲಿನಿಂದ ಕೊನೆಯವರೆಗೆ ಹುಡುಕಿದೆ. ನಿಜ, ಎಲ್ಲೂ ಇರಲಿಲ್ಲ. ಪೆನ್ನು ತೆಗೆದುಕೊಂಡು ಸೇರಿಸೋಣವೆಂದು ಕೂತರೆ, ಕೈ ಏಳುವುದಿಲ್ಲ. ಅತ್ತೆಯವರ ಹೆಸರನ್ನು ಹಾಗೆ ಬಿಡಿಯಾಗಿ ಬರೆಯಲು ನನಗೆ ನಾಚಿಕೆ, ಅಂಜಿಕೆ, ಏನೇನೋ. ಕಾಲು ಗಂಟೆ ಹಾಗೇ ಕೂತಿದ್ದೆ. ಅಡುಗೆಮನೆಯ ಬಾಗಿಲ ಮರೆಯಲ್ಲಿ ಸೆರಗಿನ ತುದಿ ಅಲ್ಲಾಡದೆ ನಿಂತಿತ್ತು, ಕಾಗದದ ಮೇಲೆ ಪೆನ್ನು ಸರಿಯುವ ಸದ್ದಿಗೆ ಕಿವಿಗೊಟ್ಟು. ಕೊನೆಗೆ ತುಟಿ ಬಿಗಿಹಿಡಿದು ಬರೆದೆ: ನರಸಕ್ಕ.